ಟೆರೇಸಿನ ಮೇಲಿನ ಅಮೆರಿಕ

ಕನ್ನಡ ಸಂಘದಲ್ಲಿ ನನ್ನ ಸ್ಥಾನ ಏನೆಂದು ಮೊದಲೇ ಹೇಳಿಬಿಡುತ್ತೇನೆ. ಆಮೇಲೆ ನೀವು ಬೇರೆಯವರ ಬಾಯಿಂದ ಕೇಳಿ ನಗುವುದು ಬೇಡ. ಮಸ್ಕತ್ತಿನ ನಮ್ಮ ಸಂಘದ ಯಾವ ಕಾರ್ಯಕ್ರಮಕ್ಕೆ ಬಂದರೂ ಮೊಟ್ಟಮೊದಲು ವೇದಿಕೆ ಹತ್ತುವವನು ನಾನೇ. ಮೊಟ್ಟಮೊದಲು ಮಾತಾಡುವವನೂ ನಾನೇ. "ಹಲೋ, ಹಲೋ, ಮೈಕ್ ಟೆಸ್ಟಿಂಗ್" ಎಂದು ಹೇಳಿ ಇಳಿದುಬಿಡುತ್ತೇನೆ. ಆಮೇಲೆ ಕುರ್ಚಿ ಜೋಡಿಸುತ್ತೇನೆ. ಆ ಕುರ್ಚಿಗಳಲ್ಲಿ ಕೂರುವವರು ಬೇರೆ, ಶಾಲು ಹೊದೆಸಿಕೊಳ್ಳುವವರು ಬೇರೆ. ಇಷ್ಟು ವರ್ಷಗಳಲ್ಲಿ ಅವೆಷ್ಟೋ ಶಾಲುಗಳನ್ನು ನಾನು ಅಂಗಡಿಯಿಂದ ತಂದಿದ್ದೇನೆ, ಇಸ್ತ್ರಿ ಮಾಡಿಸಿದ್ದೇನೆ, ತಟ್ಟೆಯಲ್ಲಿಟ್ಟು ಇನ್ನೊಬ್ಬರ ಹೆಗಲಿಗೆ ದಾಟಿಸಿದ್ದೇನೆ. (ಒಮ್ಮೆ ನಮ್ಮ ಬಚ್ಚಲುಮನೆಯ ಕನ್ನಡಿಯೆದುರು ಒಂದನ್ನು ಹೊದ್ದುಕೊಂಡು ನೋಡಿದ್ದೂ ಉಂಟು. ಚೆನ್ನಾಗಿಯೇ ಕಾಣುತ್ತಿತ್ತು.) ಒಂದು ಸಲ, ಒಂದೇ ಒಂದು ಸಲ, ಆ ಶಾಲು ನನ್ನ ಹೆಗಲಿಗೂ ಬೀಳಬೇಕೆಂಬ ಆಸೆ ನನಗಿತ್ತು. ಇದನ್ನು ಹೇಳಿಕೊಳ್ಳಲು ನನಗೇನೂ ನಾಚಿಕೆಯಿಲ್ಲ.

ಇಂಥ ನನ್ನ ಬಾಳಿನಲ್ಲಿ ಅಮೆರಿಕ ಪ್ರವೇಶ ಮಾಡಿದ್ದು ಒಂದು ಹಳೆಯ ಎ.ಸಿ.ಯ ಮೂಲಕ.

ನಮ್ಮ ಕಚೇರಿಯ ಪಕ್ಕದ ಕಂಪೆನಿಯಲ್ಲಿದ್ದ ಅಮೆರಿಕನ್ ಸಾಹೇಬನೊಬ್ಬ ಕೆಲಸ ಮುಗಿಸಿ ಊರಿಗೆ ಹೊರಟಾಗ ಮನೆಯ ಸಾಮಾನನ್ನೆಲ್ಲ ಅಗ್ಗಕ್ಕೆ ಮಾರಿದ. ಆ ಜೂನ್ ತಿಂಗಳಲ್ಲಿ ಹಮ್ರಿಯಾದ ನಮ್ಮ ಫ್ಲ್ಯಾಟಿನ ಗೋಡೆಗೆ ಹಪ್ಪಳ ಅಂಟಿಸಿದರೆ ಸುಟ್ಟು ಕೈಗೆ ಬರುತ್ತಿತ್ತು. ಕಟ್ಟಡದ ಕೆಳಗೆ ದಿನಸಿ ಅಂಗಡಿ ಇಟ್ಟಿರುವ ಇದಿನಬ್ಬ ತನ್ನ ಪಿಕಪ್ ಕೊಟ್ಟ, ಮೇಲಿನ ಮಹಡಿಯ ಬೊನಿಫಾಸ್ ತನ್ನ ಬೆನ್ನು ಕೊಟ್ಟ, ಎ.ಸಿ. ಮನೆಗೆ ಬಂತು. ಅದರ ಒಂದು ಮೂಲೆ ತಗ್ಗದಿರಲೆಂದು ಸಾಹೇಬ ಅಡಿಗೆ ಒಂದು ದಪ್ಪ ಪುಸ್ತಕ ತುರುಕಿದ್ದ. ಅದನ್ನೂ ಜೊತೆಗೇ ಕೊಟ್ಟುಬಿಟ್ಟಿದ್ದ, ನಾವೂ ಅದನ್ನು ಅಡಿಗೇ ತುರುಕಿದೆವು. ನೋಡಿದರೆ, ಅಮೆರಿಕಕ್ಕೆ ವಲಸೆ ಹೋದವರ ಬಾಯಲ್ಲಿ ಇಂಗ್ಲಿಷ್ ಭಾಷೆ ಹೇಗೆ ಬೆಳೆಯಿತು, ಹೇಗೆ ಬದಲಾಯಿತು ಎಂಬುದರ ಇತಿಹಾಸ. ನಾನೋ ಉಡುಪಿಯಲ್ಲಿ ಬಿ.ಎ. ಓದುವಾಗ ಇಂಗ್ಲಿಷನ್ನು ಐಚ್ಛಿಕವಾಗಿ ತೆಗೆದುಕೊಂಡವನು. ಎ.ಸಿ.ಯ ಅಡಿಯಿಂದ ಪುಸ್ತಕ ಎಳೆದು ಓದತೊಡಗಿದೆ. ಎ.ಸಿ. ಗಡಗಡ ನಡುಗತೊಡಗಿತು.

"ಆ ಪುಸ್ತಕ ಇದ್ದಲ್ಲಿ ಇಡ್ತೀರಾ ಇಲ್ವಾ ಮಾರಾಯ್ರೆ? ಇಡೀ ಬಿಲ್ಡಿಂಗ್ ಅಲ್ಲಾಡ್ತದೆ," ಎಂದಳು ನನ್ನ ಹೆಂಡತಿ ದಮಯಂತಿ.

"ಇದರಲ್ಲಿ ಎಂತೆಂಥ ವಿಷಯ ಉಂಟು ಗೊತ್ತುಂಟಾ ನಿನಗೆ?"

"ಅಮೆರಿಕದವನೇ ಅದನ್ನು ಎ.ಸಿ. ಅಡಿಗೆ ಇಟ್ಟದ್ದು. ಓದುವಂಥದ್ದಾದ್ರೆ ಅವನೇ ಓದ್ತಿರ್ಲಿಲ್ವಾ?"

ನಾನು ಮಾತ್ರ ಪುಸ್ತಕ ಬಿಡಲಿಲ್ಲ. ಅದರ ಸಾರ ಇಷ್ಟು. ಇಂಗ್ಲೆಂಡಿನ ಒಂದೊಂದು ಸೀಮೆಯಿಂದ ಒಂದೊಂದು ಬಗೆಯ ಇಂಗ್ಲಿಷ್ ಹೊತ್ತ ಜನ ಹಡಗು ಹತ್ತಿ ಅಮೆರಿಕದಲ್ಲಿ ಇಳಿದರು. ಅಕ್ಕಪಕ್ಕ ಮನೆ ಕಟ್ಟಿದರು. ಇವನ ಮಾತಿಗೆ ಅವನು ನಕ್ಕ, ಅವನ ಮಾತಿಗೆ ಇವನು ನಕ್ಕ. ನಕ್ಕೂ ನಕ್ಕೂ ಎರಡೂ ಸವೆದು ನಡುವಿನದೊಂದು ಉಳಿಯಿತು. ಕಂಡರಿಯದ ಪ್ರಾಣಿ, ಉಂಡರಿಯದ ತರಕಾರಿ ಎದುರಾದಾಗ ಅಲ್ಲಿಯ ಮೂಲನಿವಾಸಿಗಳು ಕರೆಯುತ್ತಿದ್ದ ಹೆಸರನ್ನೇ ಬಾಯಿಗೆ ಬಂದಂತೆ ತಿರುಚಿ ಇಟ್ಟುಕೊಂಡರು. ಪಕ್ಕದಲ್ಲಿದ್ದ ಡಚ್ಚರಿಂದ 'ಬಾಸ್' ಎಂಬ ಪದವನ್ನು ತೆಗೆದುಕೊಂಡರು. (ತೆಗೆದುಕೊಂಡದ್ದಕ್ಕೆ ನನ್ನ ಅಡ್ಡಿಯಿಲ್ಲ. ಅದನ್ನು ನಮ್ಮ ಕಚೇರಿಯವರೆಗೆ ಕಳಿಸಿಕೊಡುವ ಅಗತ್ಯವಿರಲಿಲ್ಲ.) ಊರಿನ ನೆನಪು ಕಾಡಿದಾಗ, ಎದೆ ಕೆಂಪಗಿದ್ದ ಬೇರೆ ಯಾವುದೋ ಹಕ್ಕಿಗೆ ತಮ್ಮೂರ ಹಕ್ಕಿಯ ಹೆಸರಿಟ್ಟು ಸಮಾಧಾನಪಟ್ಟುಕೊಂಡರು. ಇಂಗ್ಲೆಂಡಿನಲ್ಲೇ ಕುಳಿತವರು ಮಾತ್ರ, ಇವರು ನಮ್ಮ ಭಾಷೆ ಕೆಡಿಸಿದರು ಎಂದು ತಲೆಮಾರುಗಟ್ಟಲೆ ಮೂಗು ಮುರಿದರು.

ಇಷ್ಟು ಓದಿ ತಲೆಯೆತ್ತಿದೆ. ಟೆರೇಸಿನ ಮೇಲಿಂದ ಮಕ್ಕಳ ಕೂಗು ಕೇಳಿತು.

"ಯಲ್ಲಾ ಮಮ್ಮದ್, ಬಾಲ್ ಕಿದರ್ ಉಂಡು?"

"ಬಾಲ್ ಮಾಫಿ! ಖಲಾಸ್ ಆಂಡ್!"

ನಡಿ ನಡಿ, ಚೆಂಡು ಎಲ್ಲಿದೆ ಎಂದು ಒಬ್ಬಳು ಕೇಳಿದಳು, ಚೆಂಡಿಲ್ಲ, ಮುಗಿಯಿತು ಎಂದು ಒಬ್ಬ ಹೇಳಿದ. ಇಷ್ಟೇ. ಆದರೆ ಈ ಇಷ್ಟರಲ್ಲಿ ಅರಬ್ಬಿ, ಇಂಗ್ಲಿಷ್, ಹಿಂದಿ, ತುಳು, ನಾಲ್ಕೂ ಬಂದುಹೋದವು! ಕೇಳಿದವಳು ನಮ್ಮ ಕುಸುಮ. ಹೇಳಿದವನು ಇದಿನಬ್ಬನ ಮಗ ಮಮ್ಮದ್. ಜೊತೆಗೆ ಬೊನಿಫಾಸನ ಮಗಳು ಡಾಲಿ, ಕೆಳಗಿನ ಮಹಡಿಯ ಮಲಯಾಳಿ ಮಕ್ಕಳು, ಎದುರು ಮನೆಯ ಗುಜರಾತಿ ಹುಡುಗಿ. ನನ್ನ ಮೈ ಜುಮ್ಮೆಂದಿತು. ಅಮೆರಿಕದಲ್ಲಿ ನಡೆದದ್ದೇ ಇಲ್ಲಿ ನಮ್ಮ ನೀರಿನ ಟ್ಯಾಂಕಿಯ ಪಕ್ಕ ನಡೆಯುತ್ತಿದೆ! ಹೊಸ ಭಾಷೆಯೊಂದು ಹುಟ್ಟುತ್ತಿದೆ! ಅದನ್ನು ಕಂಡುಹಿಡಿದ ಮಹಾನುಭಾವ ಲುಂಗಿ ಉಟ್ಟುಕೊಂಡು ಇಲ್ಲಿ ಕುಳಿತಿದ್ದಾನೆ!

ಯೋಗ ಕೂಡಿಬಂದರೆ ಹಾಗೆಯೇ ನೋಡಿ. ಅದೇ ವಾರ ಸಂಘದ ಅಧ್ಯಕ್ಷರಾದ ಕೊಗ್ಗಣ್ಣ ನನ್ನನ್ನು ವಾದಿ ಕಬೀರಿನ ತಮ್ಮ ಗ್ಯಾರೇಜಿಗೆ ಕರೆಸಿದರು. ನವೆಂಬರಿನ ರಾಜ್ಯೋತ್ಸವಕ್ಕೆ ಊರಿನಿಂದ ಭಾಷಾಶಾಸ್ತ್ರದ ಪ್ರೊಫೆಸರೊಬ್ಬರು ಮುಖ್ಯ ಅತಿಥಿಯಾಗಿ ಬರುವವರಿದ್ದರು.

"ನೋಡು ಪ್ರೇಮು, ಅಂಥವರ ಎದುರು ಬರೀ ಹುಲಿವೇಷ ಕುಣಿಸಿದ್ರೆ ಮರ್ಯಾದೆ ಅಲ್ಲ. ತಲೆಬುಡ ಅರ್ಥ ಆಗದ್ದು ಒಂದು ಅರ್ಧ ಗಂಟೆ ಬೇಕು. ನಿನ್ನ ಹತ್ರ ಅಂಥದ್ದು ಎಂತಾದ್ರೂ ಉಂಟಾ?"

ಉಂಟು ಎಂದೆ.

"ಹಾಗಾದ್ರೆ ಗಟ್ಟಿ ಮಾಡು. ಪ್ರೊಫೆಸರಿಗೆ ಹಿಡಿಸಿದ್ರೆ ಅವರ ಕೈಯಿಂದಲೇ ನಿನಗೆ ಶಾಲು."

ಶಾಲು! ಗ್ಯಾರೇಜಿನ ಗ್ರೀಸಿನ ವಾಸನೆಯೂ ಆ ಹೊತ್ತಿಗೆ ಮಲ್ಲಿಗೆಯಾಯಿತು.

ಆದರೆ ಮನೆಯೊಳಗೇ ನನ್ನ ಸಂಶೋಧನೆಗೆ ಕೊಡಲಿ ಪೆಟ್ಟು ಬೀಳುತ್ತಿತ್ತು. ಕಾಪುವಿನಿಂದ ಅತ್ತೆ ವಿಸಿಟ್ ವೀಸಾದಲ್ಲಿ ಬರುವುದಿತ್ತು, ದಮಯಂತಿ ಮಗಳ ಭಾಷೆ ತಿದ್ದುವ ಯಜ್ಞಕ್ಕೆ ಕುಳಿತಿದ್ದಳು.

"ಮೊನ್ನೆ ವೀಸಾ ವಿಷಯಕ್ಕೆ ಫೋನ್ ಮಾಡಿದಾಗ ಅಮ್ಮ ಇವಳಿಗೆ ಊಟ ಆಯ್ತಾ ಕೇಳಿದ್ರು. ಇವಳು 'ಸಬ್ ಖಲಾಸ್' ಅಂದ್ಲು. ಅಮ್ಮ ಹೆದರಿ, ನಿಮ್ಮ ಕೆಲಸ ಹೋಯ್ತಾ, ಮನೆಯಲ್ಲಿ ಅಕ್ಕಿ ಇಲ್ವಾ ಅಂತ ನನ್ನನ್ನು ಕೇಳಿದ್ರು. ಅಜ್ಜಿ ಬಂದು ಮೊಮ್ಮಗಳ ಬಾಯಿಂದ ಇದನ್ನೇ ಕೇಳಬೇಕಾ?"

"ತಿದ್ದಬೇಡ ದಮಯಂತಿ! ನನ್ನ ಭಾಷಣ ಮುಗಿಯುವ ತನಕ ಒಂದಕ್ಷರ ತಿದ್ದಬೇಡ!"

"ನಿಮ್ಮ ಭಾಷಣಕ್ಕೆ ನನ್ನ ಮಗಳ ನಾಲಗೆಯಾ?"

"ಶಾಸ್ತ್ರದ ದೃಷ್ಟಿಯಲ್ಲಿ ಅವಳು ಮಗಳಲ್ಲ, ಮಾದರಿ."

"ಎಂತ ಅಂದ್ರಿ?"

(ಅವಳ ಕೈಯಲ್ಲಿ ಸೌಟಿತ್ತು. ಕೂಡಲೇ ಅವಳನ್ನು ಮತ್ತೆ ಮಗಳಾಗಿ ಮಾಡಿದೆ.)

ಕ್ಷೇತ್ರಕಾರ್ಯಕ್ಕೆಂದು ಮರುದಿನ ಸಂಜೆ ಟೆರೇಸಿಗೆ ಹೋದೆ. ನನ್ನ ಚಪ್ಪಲಿಯ ಸದ್ದು ಕೇಳಿದ್ದೇ ತಡ, ಮಕ್ಕಳೆಲ್ಲ ಸಾಲಾಗಿ ನಿಂತು, "ಗುಡ್ ಈವ್ನಿಂಗ್, ಅಂಕಲ್," ಎಂದವು. ಆಡಿ ಮಕ್ಕಳೇ ಎಂದೆ. "ಥ್ಯಾಂಕ್ಯೂ, ಅಂಕಲ್," ಎಂದವು. ನಾನು ಇಳಿದು ಬರುವವರೆಗೆ ಅಲ್ಲಿ ಇಂಗ್ಲೆಂಡಿನ ರಾಣಿಯ ಇಂಗ್ಲಿಷ್ ಬಿಟ್ಟರೆ ಬೇರೆ ಸೊಲ್ಲಿಲ್ಲ. ಇನ್ನೊಂದು ದಿನ ಚಪ್ಪಲಿ ಕೈಯಲ್ಲಿ ಹಿಡಿದು ಮೇಲೆ ಹೋಗಿ ನೀರಿನ ಟ್ಯಾಂಕಿಯ ಹಿಂದೆ ಅಡಗಿ ಕುಳಿತೆ. ಮಕ್ಕಳು ಬರುವ ಮೊದಲೇ ಇದಿನಬ್ಬನ ಹೆಂಡತಿ ಅವ್ವಮ್ಮ ಒಣಗಿದ ಬಟ್ಟೆ ತೆಗೆಯಲು ಬಂದಳು. ಟ್ಯಾಂಕಿಯ ಹಿಂದೆ ಒಂದು ಬೋಳುತಲೆ ಕಂಡು ಆಕೆ ಹಾಕಿದ ಕೂಗಿಗೆ ಇಡೀ ಹಮ್ರಿಯಾ ಹೊರಬಂತು. ಇದಿನಬ್ಬ ಅಂಗಡಿ ಬಿಟ್ಟು ಓಡಿಬಂದ.

"ಪ್ರೇಮಣ್ಣ, ನಿಮಗೆ ಎಂತ ಬೇಕಾದ್ರೂ ಅಂಗಡಿಗೆ ಬಂದು ಕೇಳಿ. ಟ್ಯಾಂಕಿ ಹಿಂದೆ ಎಂತ ಉಂಟು?"

"ಅಮೆರಿಕ," ಎಂದೆ.

ಪುಣ್ಯಾತ್ಮ ಬಿಸಿಲು ತಲೆಗೇರಿದೆ ಎಂದುಕೊಂಡು ನಿಂಬೆ ಶರಬತ್ತು ಕಳಿಸಿಕೊಟ್ಟ. ಅದು ನನ್ನ ಮರ್ಯಾದೆಯನ್ನು ಉಳಿಸಿತು, ಬುದ್ಧಿಯ ಹೆಸರನ್ನು ಕಳೆಯಿತು. ಕೊನೆಗೆ ಕಿಟಕಿಯಿಂದ, ಮೆಟ್ಟಿಲಿನಿಂದ, ಲಿಫ್ಟಿನ ಸಂದಿಯಿಂದ ಕಿವಿಗೆ ಬಿದ್ದ ಚೂರುಪಾರುಗಳನ್ನೇ ಕೂಡಿಸಿ ಪ್ರಬಂಧ ಕಟ್ಟಿದೆ.

ಅಷ್ಟರಲ್ಲಿ ಅತ್ತೆ ಬಂದಿಳಿದರು. ಕಾಪುವಿನಲ್ಲಿ ಗದ್ದೆ ಕೆಲಸದವರಿಂದ ಹಿಡಿದು ಪಂಚಾಯಿತಿ ಮೆಂಬರುಗಳವರೆಗೆ ಎಲ್ಲರಿಗೂ ಅಪ್ಪಣೆ ಕೊಟ್ಟು ರೂಢಿಯಾದ ನಾಲಗೆ. ಇಲ್ಲಿ ಎರಡು ಕೋಣೆಯೊಳಗೆ ಅಪ್ಪಣೆ ಕೊಡಲು ನಾನೊಬ್ಬನೇ ಸಿಕ್ಕಿ ಅವರಿಗೆ ಬೇಸರವಾಯಿತು. ಮಸ್ಕತ್ತಿನ ಬಿಸಿಲು ನೋಡಿ, "ಇಷ್ಟು ಒಳ್ಳೆಯ ಬಿಸಿಲು ದಂಡ ಆಗ್ತದಲ್ಲ!" ಎಂದು ಮರುಗಿ, ಮೂರನೇ ದಿನವೇ ಸಂಡಿಗೆ ಹಿಟ್ಟು ಕಲಸಿಕೊಂಡು ಟೆರೇಸಿಗೆ ಹೊರಟರು. ನಾನು ಬಾಗಿಲಿಗೆ ಅಡ್ಡ ನಿಂತೆ.

"ಅತ್ತೆ, ಒಂದು ಮಾತು. ಮಕ್ಕಳ ಹತ್ತಿರ ಹೆಚ್ಚು ಮಾತಾಡಬೇಡಿ. ನಿಮ್ಮದು ಅಪ್ಪಟ ಊರಿನ ತುಳು. ಮಾದರಿ ಕಲಬೆರಕೆ ಆಗ್ತದೆ."

"ಕಲಬೆರಕೆಯಾ? ನನ್ನ ಅಮ್ಮ ಎಂತ ಸೀಮೆಎಣ್ಣೆಯಾ?" ದಮಯಂತಿ ಒಳಗಿನಿಂದ ಗುಡುಗಿದಳು.

"ಅಳಿಯಂದಿರು ಎಂತೆಂತದೋ ಹೇಳ್ತಾರೆ, ಹಸಿವೆಯಾ?" ಎಂದು ಅತ್ತೆ ಮಗಳನ್ನು ಕೇಳಿ, ನನ್ನನ್ನು ಪಾತ್ರೆಯಿಂದಲೇ ಪಕ್ಕಕ್ಕೆ ಸರಿಸಿ ಹತ್ತಿಯೇಬಿಟ್ಟರು.

ಪಾರಿವಾಳಗಳಿಂದ ಸಂಡಿಗೆ ಕಾಯಲು ಮಕ್ಕಳನ್ನು ನೇಮಿಸಿಕೊಂಡರಂತೆ. ಆಮೇಲೆ ಅವರ ಕ್ರಿಕೆಟ್ಟಿಗೆ ಅಂಪೈರಾದರಂತೆ. ಮೊಮ್ಮಗಳು ಬ್ಯಾಟು ಹಿಡಿದಾಗ ಯಾರ ಕೈಗೆ ಕ್ಯಾಚ್ ಹೋದರೂ ಔಟಿಲ್ಲವಂತೆ. ಇದನ್ನೆಲ್ಲ ಕೇಳಿ ಮೊದಲು ಹೆದರಿದೆನಾದರೂ ಆಮೇಲೆ ಧೈರ್ಯ ತಂದುಕೊಂಡೆ. ಇಂಗ್ಲಿಷ್ ಬಾರದ, ಹಿಂದಿ ಬಾರದ, ಅರಬ್ಬಿಯೆಂದರೆ ಕಡಲು ಎಂದಷ್ಟೇ ತಿಳಿದ ಮುದುಕಿಯಿಂದ ಇತಿಹಾಸಕ್ಕೆ ಏನು ಧಕ್ಕೆ? ಸಂಜೆ ನಾನು ಮನೆಗೆ ಬರುವಾಗ ಅಡುಗೆಮನೆಯಲ್ಲಿ ತಾಯಿ, ಮಗಳು, ಮೊಮ್ಮಗಳು ಬಿದ್ದು ಬಿದ್ದು ನಗುತ್ತಿದ್ದರು. ನಾನು ಒಳಗೆ ಕಾಲಿಟ್ಟ ಕೂಡಲೇ ನಗು ನಿಲ್ಲುತ್ತಿತ್ತು. ಗೃಹಸ್ಥನಿಗೆ ಸಲ್ಲಬೇಕಾದ ಗೌರವ ಎಂದೇ ನಾನು ತಿಳಿದಿದ್ದೆ.

ರಾಜ್ಯೋತ್ಸವದ ಶುಕ್ರವಾರ ಬಂತು. ವಾದಿ ಕಬೀರಿನ ಬಾಡಿಗೆ ಸಭಾಂಗಣ ತುಂಬಿ ತುಳುಕುತ್ತಿತ್ತು. ಹಿಂದಿನ ಕೋಣೆಯಲ್ಲಿ ಹುಲಿಗಳು ಬಣ್ಣ ಬಳಿದುಕೊಳ್ಳುತ್ತಿದ್ದವು. ಮುಂದಿನ ಸಾಲಿನಲ್ಲಿ ಅತ್ತೆ, ದಮಯಂತಿ, ಅವ್ವಮ್ಮ. ವೇದಿಕೆಯ ಮೇಲೆ ಕೊಗ್ಗಣ್ಣ, ಪ್ರೊಫೆಸರ್, ಮೂರನೆಯ ಕುರ್ಚಿಯಲ್ಲಿ ನಾನು. ಬೊನಿಫಾಸ್ ಅಂದು ನನ್ನ ಬದಲಿಗೆ ಮೈಕ್ ಟೆಸ್ಟಿಂಗ್ ಹೇಳಿ ಬದಿಯಲ್ಲಿ ವಯರು ಹಿಡಿದು ನಿಂತಿದ್ದ. ಮೇಜಿನ ಮೇಲಿನ ತಟ್ಟೆಯಲ್ಲಿ ಶಾಲು. ನಾನೇ ಆರಿಸಿ ತಂದದ್ದು, ಅಂಚು ನನಗೆ ಒಪ್ಪುವಂಥದ್ದು.

"ಸಮಸ್ತ ಸಭಾಸದರೇ! ಅಟ್ಲಾಂಟಿಕ್ ಮಹಾಸಾಗರವನ್ನು ಕ್ರಮಿಸಿದ ಆಂಗ್ಲ ವಲಸಿಗರಿಗೂ, ಅರಬ್ಬಿ ಸಮುದ್ರವನ್ನು ಲಂಘಿಸಿದ ನಮಗೂ ಇರುವ ಸಾದೃಶ್ಯವನ್ನು ಅವಲೋಕಿಸುವ ಸುಸಂದರ್ಭವಿದು..."

ಭಾಷಣ ಚೆನ್ನಾಗಿಯೇ ಹೋಯಿತು. ಕೊಗ್ಗಣ್ಣ ಕೂತಲ್ಲೇ ನಿದ್ದೆಹೋದರು, ಅಂದರೆ ಅವರಿಗೆ ಬೇಕಾದ್ದು ಸಿಕ್ಕಿತು. ಪ್ರೊಫೆಸರು ಮಾತ್ರ ಕುರ್ಚಿಯ ತುದಿಗೆ ಬಂದು ತಲೆದೂಗುತ್ತಿದ್ದರು. "ವಲಸಿಗರ ಮಕ್ಕಳ ಆಟದ ಭಾಷೆ! ಭಲೇ! ಒಂದಿಷ್ಟು ಉದಾಹರಣೆ ಕೇಳಿಸಿ," ಎಂದರು.

ಇದಕ್ಕಾಗಿಯೇ ಕಾಯುತ್ತಿದ್ದೆ. ಕುಸುಮ, ಮಮ್ಮದ್, ಡಾಲಿ ಮೂವರನ್ನೂ ವೇದಿಕೆಗೆ ಹತ್ತಿಸಿದೆ. ತಾಯಂದಿರು ತಲೆಗೆ ಎಣ್ಣೆ ಹಾಕಿ ಬಾಚಿ, ಹೊಸ ಬಟ್ಟೆ ತೊಡಿಸಿ ಕಳಿಸಿದ್ದರು.

"ಟೆರೇಸಿನಲ್ಲಿ ಮಾತಾಡ್ತೀರಲ್ಲ, ಹಾಗೇ ಮಾತಾಡಿ ಮಕ್ಕಳೇ."

ಮಮ್ಮದ್ ಅಟೆನ್ಷನ್ನಿನಲ್ಲಿ ನಿಂತು ಶಾಲೆಯ ಪ್ರತಿಜ್ಞೆ ಶುರುಮಾಡಿದ. ಡಾಲಿ ಅಳಲು ತುಟಿ ಸೊಟ್ಟ ಮಾಡಿದಳು. ನನ್ನ ಮಗಳು ನನ್ನ ಮುಖವನ್ನೇ ನೋಡಿ, "ಪಾಪಾ, ವಿ ಡೋಂಟ್ ನೋ ಎನಿ ಸಚ್ ಲ್ಯಾಂಗ್ವೇಜ್," ಎಂದಳು.

ಸಭೆಯಲ್ಲಿ ಕಿಸಕಿಸ ಎದ್ದಿತು. ಬೇರೆ ದಾರಿಯಿಲ್ಲದೆ ನಾನೇ ಗಂಟಲು ಸರಿಮಾಡಿಕೊಂಡು, ಪ್ರಬಂಧದಲ್ಲಿ ಬರೆದುಕೊಂಡಿದ್ದ ಮಾತುಗಳನ್ನು ಮಕ್ಕಳ ಧಾಟಿಯಲ್ಲಿ ಹೇಳಿದೆ. "ಯಲ್ಲಾ ಬಲ! ಬಾಲ್ ಮಾಫಿ ಉಂಡು! ಖಲಾಸ್!" ಎಂದು ಒಂದೆರಡು ಸಲ ಕೈ ಬೀಸಿ, ಸ್ವಲ್ಪ ಕುಣಿದೂ ತೋರಿಸಿದೆ. ಅಳಲು ಹೊರಟಿದ್ದ ಡಾಲಿ ನಗಲು ತೊಡಗಿದಳು. "ಅಂಕಲ್, ನೋಬಡಿ ಟಾಕ್ಸ್ ಲೈಕ್ ದಟ್!" ಎಂದಳು.

ಪ್ರೊಫೆಸರು ಕುರ್ಚಿಗೆ ಒರಗಿ, "ಇರಲಿ ಬಿಡಿ. ಊಹೆಯ ಮೇಲೆ ನಿಂತ ಪ್ರಬಂಧವೂ ಪ್ರಬಂಧವೇ," ಎಂದು ಸಮಾಧಾನ ಹೇಳಿದರು. ಆ ಸಮಾಧಾನಕ್ಕಿಂತ ಬೈದಿದ್ದರೆ ಒಳ್ಳೆಯದಿತ್ತು. ತಟ್ಟೆಯಲ್ಲಿದ್ದ ಶಾಲು ನನ್ನಿಂದ ದೂರ ದೂರ ಹೋಗುವಂತೆ ಕಂಡು, ನಿಜ ಹೇಳುತ್ತೇನೆ, ಕಣ್ಣು ಮಂಜಾ‌ಯಿತು.

ಆಗ ಮುಂದಿನ ಸಾಲಿನಿಂದ ಅತ್ತೆ ಎದ್ದು ನಿಂತರು. ಮಕ್ಕಳ ಕಡೆ ಕೈ ಚಾಚಿ, ಗದ್ದೆಯ ಆಚೆ ಬದುವಿಗೂ ಕೇಳುವ ಧ್ವನಿಯಲ್ಲಿ ಕೂಗಿದರು:

"ಯಲ್ಲಾ! ಜುಬಾನ್ ಡಾಲಿನ ಬಾಲ್ ಆಂಡಾ?"

ಸಭೆ ಸ್ಫೋಟಿಸಿತು. ಮಕ್ಕಳು ಹೊಟ್ಟೆ ಹಿಡಿದು ನಕ್ಕವು. ನನಗೆ ಪದಗಳು ಗೊತ್ತು, ಅರ್ಥ ಗೊತ್ತಾಗಲಿಲ್ಲ. ನಾಲಗೆ ಡಾಲಿಯ ಚೆಂಡಾಯಿತೇ? ಹಾಗೆಂದರೇನು? ಬೊನಿಫಾಸನ ಕಡೆ ಬಾಗಿ ಕೇಳಿದೆ.

"ಡಾಲಿಯ ಚೆಂಡು ಒಮ್ಮೆ ಪಕ್ಕದ ಬಂಗಲೆಯ ನಾಯಿಯ ಹತ್ರ ಬಿತ್ತಲ್ಲ ಪ್ರೇಮಣ್ಣ, ವಾಪಸ್ ಬರಲೇ ಇಲ್ಲ. ಅಂದಿನಿಂದ ಯಾವುದು ಪೂರಾ ಹೋದ್ರೂ ಡಾಲಿನ ಬಾಲ್."

"ನಿನಗೆ ಹೇಗೆ ಗೊತ್ತು?"

"ಎಲ್ಲರಿಗೂ ಗೊತ್ತುಂಟಲ್ಲ!" ಎಂದು ಅವನು ನನ್ನನ್ನೇ ಅಚ್ಚರಿಯಿಂದ ನೋಡಿದ.

ಅಷ್ಟರಲ್ಲಿ ಮಮ್ಮದ್ ಅಜ್ಜಿಗೆ ಏನೋ ಉತ್ತರ ಕೊಟ್ಟ, ಕುಸುಮ ಅದಕ್ಕೆ ಬಾಲ ಸೇರಿಸಿದಳು. ಅವ್ವಮ್ಮ ಸಾಲಿನಿಂದಲೇ "ಮುಷ್ಕಿಲ್ ಮಾಫಿ ಅಜ್ಜೀ!" ಎಂದು ಇನ್ನೇನೋ ಕೂಗಿದಳು. ಇದಿನಬ್ಬ ಹಿಂದಿನಿಂದ ತಿರುಗಿ ಕೂಗಿದ. ಎಚ್ಚರಗೊಂಡ ಕೊಗ್ಗಣ್ಣ ವೇದಿಕೆಯ ಮೇಲಿಂದ ಅದೇ ಭಾಷೆಯಲ್ಲಿ ಜೋಕು ಸಿಡಿಸಿದರು. ನನ್ನ ಹೆಂಡತಿ ಅದಕ್ಕೆ ಪ್ರತಿಜೋಕು ಕೊಟ್ಟಳು! ತಿದ್ದುತ್ತೇನೆ ತಿದ್ದುತ್ತೇನೆ ಎಂದು ಸೌಟು ಹಿಡಿದವಳು! ನಾನು ಟ್ಯಾಂಕಿಯ ಹಿಂದೆ ಹುಡುಕಿದ ಭಾಷೆಯನ್ನು ಇಡೀ ಊರು ಆಡುತ್ತಿತ್ತು, ಬಾಗಿಲ ಹೊರಗೆ ನಾನೊಬ್ಬ ನಿಂತಿದ್ದೆ.

ಪ್ರೊಫೆಸರಿಗೆ ಹುಚ್ಚೇ ಹಿಡಿಯಿತು. ಚೀಲದಿಂದ ಟೇಪ್‌ರೆಕಾರ್ಡರ್ ತೆಗೆದು, ಅತ್ತೆಯನ್ನು ಕೈಹಿಡಿದು ವೇದಿಕೆಗೆ ಹತ್ತಿಸಿದರು.

"ಅಮ್ಮಾ, ಇದರಲ್ಲಿ ನಿಮಗೆ ತೋಚಿದ್ದು ಮಾತಾಡಿ. ನಾನು ಊರಿಗೆ ಕೊಂಡುಹೋಗ್ತೇನೆ."

ಈ ಮಾತಿನಲ್ಲಿಯೇ ನನ್ನ ಸರ್ವನಾಶ ಅಡಗಿತ್ತು. ಆ ಕಾಲದ ಗಲ್ಫಿನಲ್ಲಿ, ತೀರಾ ತುರ್ತಿಗೆ ಬಿಟ್ಟರೆ, ಫೋನು ಎಂದರೆ ಶ್ರೀಮಂತರ ಖಯಾಲಿ. ಯಾರೇ ಊರಿಗೆ ಹೊರಟರೂ ಅವರ ಕೈಯಲ್ಲಿ ಒಂದೊಂದು ಮನೆಯಿಂದ ಒಂದೊಂದು ಕ್ಯಾಸೆಟ್. ಅದರಲ್ಲಿ ಮನೆಯ ಸುಖದುಃಖವೆಲ್ಲ ಬಾಯಾರೆ ಹೇಳಿ ತುಂಬಿಸಿ ಕಳಿಸುವುದು ರೂಢಿ. ಅತ್ತೆಯೂ ಬಂದಂದಿನಿಂದ ಕಾಪುವಿನ ತಮ್ಮ ಅಕ್ಕನಿಗೆ ಹಾಗೆಯೇ ಕಳಿಸುತ್ತಿದ್ದರು. ಇವರೂ ಅಂಥ ಒಬ್ಬ ಪ್ರಯಾಣಿಕರು ಎಂದುಕೊಂಡು, ಮೈಕು ಇರುವುದನ್ನೇ ಮರೆತು, ಯಂತ್ರಕ್ಕೆ ಬಾಯಿ ಹಚ್ಚಿ ಕೆಮ್ಮಿದರು.

"ಅಕ್ಕಾ, ಕೇಣುಂಡಾ?"

ಅಕ್ಕನಿಗೆ ಕೇಳಿಸುತ್ತಿದೆಯಾ ಎಂಬಲ್ಲಿಂದ ಶುರುವಾಯಿತು. ಮೊದಲೆರಡು ಮಾತು ತುಳುವಿನಲ್ಲಿದ್ದವು. ಆಮೇಲೆ ನಾಲಗೆ ತಾನಾಗಿಯೇ ಟೆರೇಸು ಹತ್ತಿತು. ನನಗೆ ನಡುನಡುವೆ ಒಂದೊಂದು ಪದ ಮಾತ್ರ ಸಿಗುತ್ತಿತ್ತು. ಎ.ಸಿ. ಎಂದರು, ಸಭೆ ನಕ್ಕಿತು. ಅಮೆರಿಕ ಎಂದರು, ಸಭೆ ಜೋರಾಗಿ ನಕ್ಕಿತು. ಟ್ಯಾಂಕಿ ಎಂದರು, ಅವ್ವಮ್ಮ ಸೆರಗಿನಿಂದ ಕಣ್ಣೊರೆಸಿಕೊಂಡಳು. ಶಾಲು ಎಂದರು. ಆಮೇಲೆ ಕನ್ನಡಿ ಎಂದರು. (ಕನ್ನಡಿಯ ವಿಷಯ ನಾನು ದಮಯಂತಿಗೆ ಬಿಟ್ಟು ಯಾರಿಗೂ ಹೇಳಿರಲಿಲ್ಲ.) ಬಣ್ಣ ಹಚ್ಚಿದ ಹುಲಿಗಳೂ ಹಿಂದಿನ ಕೋಣೆಯಿಂದ ಬಂದು ಪರದೆಯ ಸಂದಿಯಲ್ಲಿ ನಿಂತು ನಗುತ್ತಿದ್ದವು.

"ಅದ್ಭುತ! ಇದು ಸಹಜ ಭಾಷೆ! ಇದು ಜೀವಂತ ಭಾಷೆ!" ಎಂದು ಪ್ರೊಫೆಸರು ತಟ್ಟೆಯ ಶಾಲು ಬಿಡಿಸಿ ಅತ್ತೆಯ ಹೆಗಲಿಗೆ ಹೊದೆಸಿಬಿಟ್ಟರು. ಚಪ್ಪಾಳೆಯೋ ಚಪ್ಪಾಳೆ. ಅತ್ತೆ ಅಂಚನ್ನು ಬೆರಳಿನಿಂದ ತಿಕ್ಕಿ ನೋಡಿ, "ಒಳ್ಳೆಯದುಂಟು, ಅಕ್ಕನಿಗೆ ಆಗ್ತದೆ," ಎಂದು ಶಾಲನ್ನು ನೀಟಾಗಿ ಮಡಚಿ, ಕ್ಯಾಸೆಟ್ಟಿನ ಜೊತೆ ಕೊಂಡುಹೋಗಲು ಪ್ರೊಫೆಸರ ಕೈಗೇ ಕೊಟ್ಟರು. ಮನೆ ಕಾಪು ಲೈಟ್‌ಹೌಸಿನ ಹಿಂದೆ ಎಂದು ಗುರುತೂ ಹೇಳಿದರು.

ಇಳಿಯುವ ಮೊದಲು ಏನೋ ನೆನಪಾದಂತೆ ತಿರುಗಿ, ನನ್ನನ್ನೇ ನೋಡುತ್ತ, ಯಂತ್ರಕ್ಕೆ ಇನ್ನೊಂದು ಚಿಕ್ಕ ಮಾತು ಸೇರಿಸಿದರು. ಮೂರೋ ನಾಲ್ಕೋ ಪದ ಇರಬಹುದು. ಅದಕ್ಕೆ ಬಿದ್ದ ನಗೆ ಹಿಂದಿನ ಎಲ್ಲವನ್ನೂ ಮೀರಿಸಿತು. ಕೊಗ್ಗಣ್ಣ ಮೇಜು ಗುದ್ದಿದರು. ದಮಯಂತಿ ಮುಖ ಮುಚ್ಚಿಕೊಂಡಳು. ಅರ್ಥವಾಗದವನೆಂದು ಯಾರಿಗೂ ತಿಳಿಯಬಾರದೆಂದು ನಾನೂ ಎಲ್ಲರಿಗಿಂತ ಗಟ್ಟಿಯಾಗಿ ನಕ್ಕೆ. ನಾನು ನಕ್ಕದ್ದನ್ನು ನೋಡಿ ಅವರು ಇನ್ನಷ್ಟು ನಕ್ಕರು.

ಬೊನಿಫಾಸ್ ಒಬ್ಬನೇ ನಗು ತಡೆದುಕೊಂಡು ನನ್ನ ಹೆಗಲ ಮೇಲೆ ಕೈಯಿಟ್ಟ.

"ಮನಸ್ಸಿಗೆ ಹಚ್ಚಿಕೊಳ್ಳಬೇಡಿ ಪ್ರೇಮಣ್ಣ."

"ಏನಂದ್ರು ಮಾರಾಯ? ಅಷ್ಟಾದರೂ ಹೇಳು," ಎಂದು ಅಂಗಲಾಚಿದೆ.

ಪಾಪ, ಅವನು ನಿಜವಾಗಿಯೂ ಯೋಚನೆ ಮಾಡಿದ. ಬಾಯಿ ತೆರೆದ, ಮುಚ್ಚಿದ, ಕೈ ಆಡಿಸಿದ, ತಲೆ ಕೆರೆದುಕೊಂಡ.

"ಹೇಳ್ತಿದ್ದೆ ಪ್ರೇಮಣ್ಣ," ಎಂದ ಕೊನೆಗೆ. "ಆದ್ರೆ ಅದು ಕನ್ನಡದಲ್ಲಿ ಬರುವುದಿಲ್ಲ."